ನಮ್ಮ ಕೆಳಗೂ ಒಂದು ಊರಿದೆ: ಭೀಮಾ ಹೊಳೆಯ ಪಾಠ



ಈ ಸಲದ ಪಾಠ ನೀರಿನದು. ಅದೂ ದೂರದ ನೀರಿನದಲ್ಲ. ನಮ್ಮ ಭೀಮಾ ಹೊಳೆಯದು.

ನೀವು ಬೆಳಿಗ್ಗೆ ಎದ್ದು ಕೊಡ ತುಂಬುತ್ತೀರಿ. ಒಂದು ತಂಬಿಗೆ ನೀರು ದೇವರ ಮುಂದೆ ಇಡುತ್ತೀರಿ. ಉಳಿದದ್ದು ಕುಡಿಯೋಕೆ, ಅಡುಗೆಗೆ, ದನಕರುಗಳಿಗೆ. ದೇವರ ನೀರೂ ಅದೇ, ದನದ ನೀರೂ ಅದೇ. ಈ ನೀರು ನಿಮ್ಮ ಊರಿಗೆ ಎಲ್ಲಿಂದ ಬಂತು? ನಿಮ್ಮ ಊರು ದಾಟಿ ಎಲ್ಲಿಗೆ ಹೋಗುತ್ತದೆ? ಬನ್ನಿ, ಹೊಳೆಯ ಗುಂಟ ನಡೆದು ನೋಡೋಣ.

ಹೊಳೆಯ ದಾರಿ

ಭೀಮೆ ಹುಟ್ಟುವುದು ಪುಣೆ ಜಿಲ್ಲೆಯ ಭೀಮಾಶಂಕರದಲ್ಲಿ. ಅದು ಸಹ್ಯಾದ್ರಿ ಬೆಟ್ಟದ ಮೇಲಿದೆ. ಸುತ್ತಲೂ ಕಾಡು. ಹನ್ನೆರಡು ಜ್ಯೋತಿರ್ಲಿಂಗಗಳಲ್ಲಿ ಒಂದು ಅಲ್ಲಿದೆ. ಶಿವನು ತ್ರಿಪುರಾಸುರನ ಜೊತೆ ಯುದ್ಧ ಮಾಡಿ ದಣಿದು ಅಲ್ಲಿ ಕುಳಿತ, ಅವನ ಮೈಯ ಬೆವರೇ ಹೊಳೆಯಾಗಿ ಹರಿಯಿತು ಅಂತ ಹಿರಿಯರು ಕಥೆ ಹೇಳುತ್ತಾರೆ. ಹಳೆಯ ಪುರಾಣಗಳಲ್ಲಿ ಈ ಹೊಳೆಗೆ ಭೀಮರಥಿ ಅಂತ ಹೆಸರು.

ಅಲ್ಲಿಂದ ಹೊರಟ ಹೊಳೆ ಒಟ್ಟು 861 ಕಿಲೋಮೀಟರು ಹರಿಯುತ್ತದೆ. ದಾರಿಯಲ್ಲಿ ಬೇರೆ ಬೇರೆ ಹೊಳೆಗಳು ಬಂದು ಸೇರುತ್ತವೆ. ಇಂದ್ರಾಯಣಿ ಸೇರುತ್ತದೆ. ಆಳಂದಿಯಲ್ಲಿ ಸಂತ ಜ್ಞಾನೇಶ್ವರರ ಸಮಾಧಿ ಇರುವುದು ಈ ಇಂದ್ರಾಯಣಿಯ ದಂಡೆಯಲ್ಲಿ. ಸಂತ ತುಕಾರಾಮರ ಊರು ದೇಹೂ ಕೂಡ ಇದರ ದಂಡೆಯಲ್ಲೇ ಇದೆ. ಆಮೇಲೆ ಪುಣೆ ಶಹರದಿಂದ ಮುಳಾ-ಮುಠಾ ಬಂದು ಕೂಡುತ್ತದೆ. ಮುಂದೆ ಉಜನಿ ಆಣೆಕಟ್ಟು. ಆಣೆಕಟ್ಟು ದಾಟಿದ ಮೇಲೆ ನೀರಾ ಹೊಳೆ ಸೇರುತ್ತದೆ. ಆಮೇಲೆ ಪಂಢರಪುರ.

ಪಂಢರಪುರದಿಂದ ಮುಂದೆ ಹೊಳೆ ನಮ್ಮ ಕನ್ನಡ ಮಾತಾಡುವ ಊರುಗಳ ಕಡೆ ತಿರುಗುತ್ತದೆ. ದಕ್ಷಿಣ ಸೊಲ್ಲಾಪುರ ತಾಲೂಕಿನಲ್ಲಿ ಸೀನಾ ಹೊಳೆ ಬಂದು ಕೂಡುತ್ತದೆ. ಅಕ್ಕಲಕೋಟೆ ಕಡೆಯಿಂದ ಬೋರಿ ಹೊಳೆ ಬರುತ್ತದೆ. ಇಲ್ಲಿ ಎಷ್ಟೋ ದೂರದವರೆಗೆ ಹೊಳೆಯೇ ಗಡಿ. ಒಂದು ದಂಡೆ ಮಹಾರಾಷ್ಟ್ರ, ಇನ್ನೊಂದು ದಂಡೆ ಕರ್ನಾಟಕ. ಆದರೆ ಎರಡೂ ದಂಡೆಯಲ್ಲಿ ಅದೇ ಜೋಳ, ಅದೇ ರೊಟ್ಟಿ, ಅದೇ ಮಾತು. ಈ ದಂಡೆಯ ಹೆಣ್ಣುಮಗಳು ಆ ದಂಡೆಗೆ ಸೊಸೆಯಾಗಿ ಹೋಗುತ್ತಾಳೆ.

ಮುಂದೆ ಗಾಣಗಾಪುರ. ಅಲ್ಲಿ ಅಮರ್ಜಾ ಹೊಳೆ ಸೇರುತ್ತದೆ. ಆಮೇಲೆ ಕಲಬುರಗಿ, ಯಾದಗಿರಿ ಜಿಲ್ಲೆ ದಾಟಿ, ರಾಯಚೂರಿನ ಉತ್ತರಕ್ಕೆ, ತೆಲಂಗಾಣದ ಗಡಿ ಹತ್ತಿರ ಭೀಮೆ ಕೃಷ್ಣೆಯನ್ನು ಕೂಡುತ್ತಾಳೆ.

ಇದನ್ನು ಯಾಕೆ ಇಷ್ಟು ಉದ್ದ ಹೇಳಿದೆವು ಅಂದರೆ ಒಂದು ಮಾತಿಗಾಗಿ. ಈ ಹೊಳೆಯ ದಂಡೆಯ ಪ್ರತಿ ಊರಿಗೂ ಮೇಲೆ ಒಂದು ಊರಿದೆ. ಕೆಳಗೂ ಒಂದು ಊರಿದೆ. ಮೇಲಿನ ಊರು ದಾಟಿ ಬಂದ ನೀರು ನಮಗೆ. ನಮ್ಮ ಊರು ದಾಟಿದ ನೀರು ಕೆಳಗಿನವರಿಗೆ. ಈ ಮಾತು ನೆನಪಿಟ್ಟುಕೊಂಡು ಮುಂದೆ ಓದಿರಿ.

ಪಂಢರಪುರದ ಚಂದ್ರಭಾಗೆ

ಪಂಢರಪುರದ ಹತ್ತಿರ ಹೊಳೆ ಬಿಲ್ಲಿನ ಹಾಗೆ ಬಾಗುತ್ತದೆ. ಅರ್ಧ ಚಂದ್ರನ ಆಕಾರ. ಅದಕ್ಕೇ ಅಲ್ಲಿ ಭೀಮೆಗೆ ಚಂದ್ರಭಾಗಾ ಅಂತ ಹೆಸರು. ಊರು ದಾಟಿದ ಮೇಲೆ ಮತ್ತೆ ಅದು ಭೀಮೆಯೇ.

ವರುಷಕ್ಕೆ ನಾಲ್ಕು ದೊಡ್ಡ ಏಕಾದಶಿಗಳು ಅಲ್ಲಿ ನಡೆಯುತ್ತವೆ. ಚೈತ್ರ, ಆಷಾಢ, ಕಾರ್ತಿಕ, ಮಾಘ. ಆಷಾಢ ಏಕಾದಶಿ ಎಲ್ಲಕ್ಕಿಂತ ದೊಡ್ಡದು. ಆಳಂದಿಯಿಂದ ಜ್ಞಾನೇಶ್ವರರ ಪಲ್ಲಕ್ಕಿ, ದೇಹೂದಿಂದ ತುಕಾರಾಮರ ಪಲ್ಲಕ್ಕಿ ಹೊರಡುತ್ತವೆ. ವಾರಕರಿಗಳು ಸುಮಾರು ಮೂರು ವಾರ ನಡೆಯುತ್ತಾರೆ. ಕೊರಳಲ್ಲಿ ತುಳಸಿ ಮಾಲೆ, ಕೈಯಲ್ಲಿ ತಾಳ, ಹೆಣ್ಣುಮಕ್ಕಳ ತಲೆಯ ಮೇಲೆ ತುಳಸಿ ಕಟ್ಟೆ. ನಮ್ಮ ಕನ್ನಡ ಊರುಗಳಿಂದಲೂ ದಿಂಡಿಗಳು ಹೋಗುತ್ತವೆ. ಲಕ್ಷಗಟ್ಟಲೆ ಜನ ಸೇರುತ್ತಾರೆ.

ಇಲ್ಲಿ ಒಂದು ಸಂಗತಿ ಗಮನಿಸಿರಿ. ಸಂತರ ಪಲ್ಲಕ್ಕಿ ಇಂದ್ರಾಯಣಿ ದಂಡೆಯಿಂದ ಪಂಢರಪುರಕ್ಕೆ ಬರುತ್ತದೆ. ಇಂದ್ರಾಯಣಿಯ ನೀರೂ ಭೀಮೆಯನ್ನು ಕೂಡಿ ಪಂಢರಪುರಕ್ಕೇ ಬರುತ್ತದೆ. ಭಕ್ತರು ರಸ್ತೆಯ ಮೇಲೆ, ನೀರು ಹೊಳೆಯೊಳಗೆ.

ಪಂಢರಪುರಕ್ಕೆ ಹೋದವರು ಮೊದಲು ಚಂದ್ರಭಾಗೆಯಲ್ಲಿ ಸ್ನಾನ ಮಾಡುತ್ತಾರೆ. ಆಮೇಲೆ ಹೊಳೆಯ ಪಾತ್ರದಲ್ಲೇ ಇರುವ ಪುಂಡಲೀಕನ ಗುಡಿಗೆ ಹೋಗುತ್ತಾರೆ. ಆಮೇಲೆ ಸಂತ ನಾಮದೇವರ ಮೆಟ್ಟಿಲು, ಸಂತ ಚೋಖಾಮೇಳರ ಸಮಾಧಿ. ಕೊನೆಗೆ ವಿಠ್ಠಲ. ದೇವರಿಗಿಂತ ಮೊದಲು ಹೊಳೆ, ದೇವರಿಗಿಂತ ಮೊದಲು ಭಕ್ತ.

ಪುಂಡಲೀಕನ ಕಥೆ ನಿಮಗೆ ಗೊತ್ತೇ ಇದೆ. ಅವನು ತಂದೆ-ತಾಯಿಯ ಸೇವೆ ಮಾಡುತ್ತಿದ್ದ. ದೇವರು ಬಾಗಿಲಿಗೆ ಬಂದ. ಪುಂಡಲೀಕ ಏಳಲಿಲ್ಲ. ಒಂದು ಇಟ್ಟಿಗೆ ಎಸೆದು, ‘ಇದರ ಮೇಲೆ ನಿಂತಿರಪ್ಪಾ, ಸೇವೆ ಮುಗಿಸಿ ಬರ್ತೀನಿ’ ಅಂದ. ದೇವರು ಸಿಟ್ಟಾಗಲಿಲ್ಲ. ಸೊಂಟದ ಮೇಲೆ ಕೈ ಇಟ್ಟುಕೊಂಡು ಇವತ್ತಿಗೂ ಇಟ್ಟಿಗೆಯ ಮೇಲೆ ನಿಂತಿದ್ದಾನೆ. ತಾಯಿಯ ಸೇವೆ ನಡೆದಾಗ ದೇವರೂ ಕಾಯುತ್ತಾನೆ ಅಂತ ಈ ಕಥೆಯ ಅರ್ಥ.

ಇನ್ನೊಂದು ಸಂಗತಿಯನ್ನೂ ತಿಳಿದುಕೊಳ್ಳಬೇಕು. ಚೋಖಾಮೇಳರು ನಮ್ಮ ಹತ್ತಿರದ ಮಂಗಳವೇಢೆಯಲ್ಲಿ ಇದ್ದವರು. ದೊಡ್ಡ ಭಕ್ತರು. ಆದರೆ ದಲಿತರು ಅಂತ ಅವರನ್ನು ಗುಡಿಯ ಒಳಗೆ ಬಿಡಲಿಲ್ಲ. ಅವರ ಸಮಾಧಿಯೂ ಗುಡಿಯ ಮಹಾದ್ವಾರದ ಹೊರಗೇ ಇದೆ. ಸುಮಾರು ಆರು ನೂರು ವರುಷ ಹೀಗೇ ನಡೆಯಿತು. 1947ರಲ್ಲಿ ಸಾನೆ ಗುರೂಜಿಯವರು ಉಪವಾಸ ಕುಳಿತರು. ಆಮೇಲೆ ಗುಡಿಯ ಬಾಗಿಲು ಎಲ್ಲರಿಗೂ ತೆರೆಯಿತು. ಹೊಳೆ ಮಾತ್ರ ಯಾವತ್ತೂ ಯಾರ ಜಾತಿ ಕೇಳಿರಲಿಲ್ಲ. ಕೇಳಿದವರು ದಂಡೆಯ ಮೇಲಿನ ಜನ.

ಕನ್ನಡಕ್ಕೂ ಈ ಹೊಳೆಗೂ ಇರುವ ನಂಟು

ಪಂಢರಪುರ ಮರಾಠಿಗರದು ಮಾತ್ರ ಅಂತ ತಿಳಿಯಬೇಡಿರಿ. ಅಲ್ಲಿ 1237ರ ಒಂದು ಶಾಸನವಿದೆ. ಅದು ಹೊಯ್ಸಳರ ಕಾಲದ್ದು. ಅದರಲ್ಲಿ ಸಂಸ್ಕೃತ ಇದೆ, ಕನ್ನಡವೂ ಇದೆ. ನಮ್ಮ ಹರಿದಾಸರು ತಮ್ಮ ಹಾಡಿನ ಕೊನೆಗೆ ಯಾವ ಹೆಸರು ಇಡುತ್ತಿದ್ದರು ನೆನಪು ಮಾಡಿಕೊಳ್ಳಿರಿ. ಪುರಂದರ ವಿಠಲ, ವಿಜಯ ವಿಠಲ, ಗೋಪಾಲ ವಿಠಲ, ಜಗನ್ನಾಥ ವಿಠಲ. ಎಲ್ಲವೂ ಈ ಹೊಳೆ ದಂಡೆಯ ದೇವರ ಹೆಸರೇ. ಜ್ಞಾನೇಶ್ವರರು ಕೂಡ ವಿಠ್ಠಲನನ್ನು ಕನ್ನಡದವನು ಅಂತ ತಮ್ಮ ಅಭಂಗದಲ್ಲಿ ಕರೆದಿದ್ದಾರೆ.

ಈಗ ಒಂದು ಪದ ನೋಡೋಣ. ಕೂಡಲ. ‘ಕೂಡು’ ಅಂದರೆ ಸೇರು. ಎರಡು ಹೊಳೆ ಕೂಡುವ ಜಾಗಕ್ಕೆ ಕನ್ನಡದಲ್ಲಿ ಕೂಡಲ ಅಂತಾರೆ. ಬಸವಣ್ಣನವರ ಕೂಡಲಸಂಗಮ ನಿಮಗೆ ಗೊತ್ತು. ಅಲ್ಲಿ ಕೃಷ್ಣೆ, ಮಲಪ್ರಭೆ ಕೂಡುತ್ತವೆ. ನಮ್ಮ ದಕ್ಷಿಣ ಸೊಲ್ಲಾಪುರ ತಾಲೂಕಿನಲ್ಲೂ ಒಂದು ಕೂಡಲ ಇದೆ. ಹತ್ತರಸಂಗ ಕೂಡಲ. ಅಲ್ಲಿ ಭೀಮೆ, ಸೀನಾ ಕೂಡುತ್ತವೆ. ಅಲ್ಲಿನ ಸಂಗಮೇಶ್ವರ ಗುಡಿಯಲ್ಲಿ 1018ರ ಶಾಸನವಿದೆ. ಅದು ಮರಾಠಿಯ ಬಹಳ ಹಳೆಯ ಶಾಸನಗಳಲ್ಲಿ ಒಂದು. ಊರಿನ ಹೆಸರು ಕನ್ನಡ, ಗುಡಿಯ ಶಾಸನ ಮರಾಠಿ. ಅಲ್ಲಿ ಹೊಳೆಗಳು ಕೂಡಿದ ಹಾಗೆ ಭಾಷೆಗಳೂ ಕೂಡಿವೆ. ಅಲ್ಲಿ ಮೈತುಂಬ ಸಣ್ಣ ಸಣ್ಣ ಮುಖಗಳನ್ನು ಕೆತ್ತಿದ ಒಂದು ಶಿವಲಿಂಗವೂ ಇದೆ. ಸಂಕ್ರಾಂತಿಗೆ ಹೋದಾಗ ನೋಡಿ ಬನ್ನಿರಿ.

ಮನೆಯೊಳಗೆ ಬರುವ ಹೊಳೆ

ಯಾತ್ರೆಗೆ ಹೋದಾಗ ಮಾತ್ರ ಹೊಳೆ ನೆನಪಾಗುತ್ತದೆ ಅಂತಲ್ಲ. ಅದು ದಿನವೂ ನಮ್ಮ ಮನೆಗೆ ಬರುತ್ತದೆ.

ಪೂಜೆಗೆ ಕುಳಿತವರು ಕಲಶದ ನೀರನ್ನು ಮುಟ್ಟಿ ಏಳು ಹೊಳೆಗಳ ಹೆಸರು ಹೇಳುತ್ತಾರೆ. ಗಂಗಾ, ಯಮುನಾ, ಗೋದಾವರಿ, ಸರಸ್ವತಿ, ನರ್ಮದಾ, ಸಿಂಧು, ಕಾವೇರಿ. ನೀರು ನಮ್ಮ ಬಾವಿಯದೇ ಇರಲಿ, ನಳದ್ದೇ ಇರಲಿ, ಆ ಹೊತ್ತಿಗೆ ಅದೇ ಗಂಗೆ. ಲಿಂಗಾಯತರ ಮನೆಗಳಲ್ಲಿ ಇಷ್ಟಲಿಂಗಕ್ಕೆ ನೀರು ಹಾಕಿ ಪೂಜೆ ಮಾಡುತ್ತಾರೆ. ಮಳೆ ಬಂದು ಹೊಳೆ ತುಂಬಿದಾಗ ಹೆಣ್ಣುಮಕ್ಕಳು ಹೋಗಿ ಅರಿಷಿಣ-ಕುಂಕುಮ ಏರಿಸಿ, ಹೊಳೆಗೆ ಉಡಿ ತುಂಬುತ್ತಾರೆ. ಹೊಳೆಯನ್ನು ‘ಗಂಗವ್ವ’ ಅಂತ ಕರೆಯುತ್ತಾರೆ. ಬಾಣಂತಿ ಮೊದಲ ಸಲ ಹೊರಗೆ ಬಂದಾಗ ನೀರಿನ ಹತ್ತಿರ ಹೋಗಿ ಗಂಗಿ ಪೂಜೆ ಮಾಡುತ್ತಾಳೆ.

ಸಂಕ್ರಾಂತಿ ದಿನ ಎಳ್ಳು ಅರೆದು ಮೈಗೆ ಹಚ್ಚಿಕೊಂಡು ಹೊಳೆಯಲ್ಲಿ ಸ್ನಾನ. ಆಮೇಲೆ ದಂಡೆಯ ಮೇಲೇ ಬುತ್ತಿ ಬಿಚ್ಚಿ ಊಟ. ಸಜ್ಜೆ ರೊಟ್ಟಿ, ಶೇಂಗಾ ಹಿಂಡಿ, ಬದನೆಕಾಯಿ ಪಲ್ಯ, ಮೊಸರು. ಊರ ಜಾತ್ರೆಯಲ್ಲಿ ದೇವರ ಪಲ್ಲಕ್ಕಿಯೂ ಹೊಳೆಗೆ ಹೋಗುತ್ತದೆ. ದೇವರಿಗೂ ಗಂಗಾಸ್ನಾನ ಬೇಕು! ಗಾಣಗಾಪುರದಲ್ಲಿ ಸಂಗಮದಲ್ಲಿ ಮಿಂದು ದತ್ತಾತ್ರೇಯನ ಪಾದುಕೆಯ ದರ್ಶನ ಮಾಡಿ, ಮಧ್ಯಾಹ್ನ ಮಾಧುಕರಿ ಭಿಕ್ಷೆ ಬೇಡುತ್ತಾರೆ. ಕೊನೆಗೆ ಮನುಷ್ಯ ತೀರಿಕೊಂಡಾಗ ಅವನ ಅಸ್ಥಿಯೂ ಹೊಳೆಗೇ ಹೋಗುತ್ತದೆ.

ಹುಟ್ಟಿನಿಂದ ಸಾವಿನ ತನಕ ಈ ನೀರು ನಮ್ಮ ಜೊತೆ ಇದೆ. ಅದಕ್ಕೇ ಅದು ತಾಯಿ.

ಅನ್ನ ಕೊಡುವ ಹೊಳೆ

ಭೀಮೆಗೆ ಕಟ್ಟಿದ ದೊಡ್ಡ ಆಣೆಕಟ್ಟು ಉಜನಿ. ಅದು ಸೊಲ್ಲಾಪುರ ಜಿಲ್ಲೆಯಲ್ಲಿದೆ. 1980ರಲ್ಲಿ ಕೆಲಸ ಮುಗಿಯಿತು. ಅದು ತುಂಬಿದರೆ ಸುಮಾರು 117 ಟಿಎಂಸಿ ನೀರು ನಿಲ್ಲುತ್ತದೆ. ಒಂದು ಟಿಎಂಸಿ ಅಂದರೆ ನೂರು ಕೋಟಿ ಘನ ಅಡಿ ನೀರು. ಒಂದು ಅಡಿ ಉದ್ದ, ಒಂದು ಅಡಿ ಅಗಲ, ಒಂದು ಅಡಿ ಎತ್ತರದ ಡಬ್ಬಿಯನ್ನು ನೂರು ಕೋಟಿ ಸಲ ತುಂಬಿದಷ್ಟು.

ಈ ನೀರಿನಿಂದ ಕಬ್ಬು ಬೆಳೆಯುತ್ತದೆ, ಸಕ್ಕರೆ ಕಾರ್ಖಾನೆ ನಡೆಯುತ್ತವೆ. ಸೊಲ್ಲಾಪುರ ಶಹರ ಕುಡಿಯುವುದೂ ಉಜನಿಯ ನೀರೇ. ಹೊಳೆಯ ಉದ್ದಕ್ಕೂ ಅಲ್ಲಲ್ಲಿ ಬಂಧಾರಗಳಿವೆ. ಬೇಸಿಗೆಯಲ್ಲಿ ಅವುಗಳಲ್ಲಿ ನಿಂತ ನೀರೇ ಎಷ್ಟೋ ಹಳ್ಳಿಗಳಿಗೆ ಗತಿ. ಹೊಳೆ ಬತ್ತಿದ್ದರೆ, ಆಷಾಢ ಯಾತ್ರೆಯವರ ಸ್ನಾನಕ್ಕೂ ಉಜನಿಯಿಂದಲೇ ನೀರು ಬಿಡಬೇಕಾಗುತ್ತದೆ.

ಪವಿತ್ರ ನೀರು ಅಂದರೆ ಶುದ್ಧ ನೀರೇ?

ಈಗ ಮುಖ್ಯ ಮಾತಿಗೆ ಬಂದೆವು. ನಿಧಾನವಾಗಿ ಓದಿರಿ.

ಪವಿತ್ರ ಅನ್ನುವುದು ಮನಸ್ಸಿನ ಮಾತು. ಶುದ್ಧ ಅನ್ನುವುದು ನೀರಿನ ಮಾತು. ಎರಡೂ ಬೇರೆ ಬೇರೆ. ತಾಯಿ ಕಾಯಿಲೆ ಬಿದ್ದರೂ ತಾಯಿಯೇ. ಅವಳ ಮೇಲಿನ ಪ್ರೀತಿ ಕಡಿಮೆ ಆಗುವುದಿಲ್ಲ. ಆದರೆ ಕಾಯಿಲೆ ಇಲ್ಲ ಅಂತ ಹೇಳಿದರೆ ಅವಳಿಗೆ ಗುಣವಾಗುವುದಿಲ್ಲ. ಔಷಧ ಕೊಡಬೇಕು.

ನಮ್ಮ ಭೀಮೆಗೆ ಕಾಯಿಲೆ ಆಗಿದೆ. ಪುಣೆಯಂಥ ದೊಡ್ಡ ಶಹರದ ಗಟಾರದ ನೀರು ಮುಳಾ-ಮುಠಾಕ್ಕೆ ಸೇರುತ್ತದೆ. ಅದರಲ್ಲಿ ಎಷ್ಟೋ ಪಾಲು ಪೂರಾ ಶುದ್ಧವಾಗದೆ ಹಾಗೇ ಬರುತ್ತದೆ. ಅಲ್ಲಿಂದ ಭೀಮೆಗೆ, ಭೀಮೆಯಿಂದ ಉಜನಿಗೆ. ಕಾರ್ಖಾನೆಯ ನೀರೂ ಸೇರುತ್ತದೆ. ಕಬ್ಬಿನ ಹೊಲಕ್ಕೆ ಹಾಕಿದ ಗೊಬ್ಬರ, ಔಷಧವೂ ಮಳೆಗೆ ತೊಳೆದು ಬರುತ್ತದೆ. ಆಮೇಲೆ ನಮ್ಮ ಊರಿನ ಪಾಳಿ. ನಮ್ಮ ಗಟಾರವೂ ಹೊಳೆಗೇ ಹೋಗುತ್ತದೆ. ಎಲ್ಲ ತಪ್ಪು ಮೇಲಿನವರದು ಅನ್ನೋ ಹಾಗಿಲ್ಲ.

ಕೊಳೆ ಕಣ್ಣಿಗೆ ಕಾಣುತ್ತದೆ. ರೋಗಾಣು ಕಾಣುವುದಿಲ್ಲ. ಬೊಗಸೆಯಲ್ಲಿ ನೀರು ತಿಳಿಯಾಗಿ ಕಂಡರೂ ಅದರಲ್ಲಿ ರೋಗಾಣು ಇರಬಹುದು. ವಾಂತಿ-ಭೇದಿ, ಕಾಮಾಲೆ, ವಿಷಮಜ್ವರ ಇವೆಲ್ಲ ನೀರಿನಿಂದ ಹರಡುವ ಬೇನೆಗಳು. ಹಿಂದೆ ಬ್ರಿಟಿಷರ ಕಾಲದಲ್ಲಿ ಪಂಢರಪುರದ ಯಾತ್ರೆಯಲ್ಲಿ ಕಾಲರಾ ಎಷ್ಟೋ ಸಲ ಹರಡಿತು. ಯಾತ್ರೆಗೆ ಹೋದವರು ಬೇನೆ ಹೊತ್ತುಕೊಂಡು ಊರಿಗೆ ಬಂದರು. ಸತ್ತವರು ಬಹಳ. ಅವರ ಭಕ್ತಿಗೇನೂ ಕೊರತೆ ಇರಲಿಲ್ಲ. ಶುದ್ಧ ನೀರಿಗೆ ಕೊರತೆ ಇತ್ತು.

ಹಾಗಾದರೆ ತೀರ್ಥ ತೊಗೋಬಾರದೇ? ತೊಗೋಬಹುದು. ಆದರೆ ಹೀಗೆ ಮಾಡಿರಿ:

1. ಹೊಳೆಯ ನೀರಿನಿಂದ ಸ್ನಾನ, ಪೂಜೆ, ಅಭಿಷೇಕ ಮಾಡಿರಿ. ಆದರೆ ಹಸಿ ನೀರು ಬಾಯಿಗೆ ಹಾಕಬೇಡಿರಿ. ಮುಳುಗುವಾಗಲೂ ನೀರು ಬಾಯಿಗೆ ಹೋಗದಂತೆ ನೋಡಿಕೊಳ್ಳಿರಿ.

2. ಬಾಯಿಗೆ ತೊಗೊಳ್ಳುವ ತೀರ್ಥಕ್ಕೆ ಕುದಿಸಿ ಆರಿಸಿದ ನೀರು ಇಡಿರಿ. ಅದಕ್ಕೆ ತುಳಸಿ ಹಾಕಿರಿ. ಕುದಿಸಿದರೆ ನೀರಿನ ಪವಿತ್ರತೆ ಹೋಗುವುದಿಲ್ಲ. ರೋಗಾಣು ಮಾತ್ರ ಸಾಯುತ್ತವೆ.

3. ಮನೆಯಲ್ಲಿ ಕುಡಿಯುವ ನೀರನ್ನು ಸೋಸಿ, ಕುದಿಸಿರಿ. ಗುಳುಗುಳು ಅಂತ ಕುದಿ ಬಂದ ಮೇಲೂ ಕೆಲವು ನಿಮಿಷ ಒಲೆಯ ಮೇಲೇ ಇರಲಿ. ಆಮೇಲೆ ಮುಚ್ಚಿಡಿರಿ.

4. ಕೊಡದಲ್ಲಿ ಕೈ ಅದ್ದಬೇಡಿರಿ. ಹಿಡಿಕೆ ಇರುವ ಸೌಟಿನಿಂದ ನೀರು ತೆಗೆಯಿರಿ.

5. ಯಾರಿಗಾದರೂ ಭೇದಿ ಹತ್ತಿದರೆ, ಕುದಿಸಿ ಆರಿಸಿದ ಒಂದು ಲೀಟರು ನೀರಿಗೆ ಆರು ಸಣ್ಣ ಚಮಚ ಸಕ್ಕರೆ, ಅರ್ಧ ಸಣ್ಣ ಚಮಚ ಉಪ್ಪು ಹಾಕಿ ಕದಡಿ, ಸ್ವಲ್ಪ ಸ್ವಲ್ಪವೇ ಕುಡಿಸುತ್ತಾ ಇರಿ. ಚಮಚ ತುಂಬಿ ತುಳುಕಬಾರದು, ಸಮ ಇರಲಿ. ತಡ ಮಾಡದೆ ದವಾಖಾನೆಗೆ ಕರೆದುಕೊಂಡು ಹೋಗಿರಿ.

ಹೊಳೆಗೆ ಏನು ಹಾಕುತ್ತೇವೆ?

ಹೊಳೆಗೆ ಹೋಗಿ ಕೈ ಮುಗಿಯುತ್ತೇವೆ. ಅದೇ ಕೈಯಿಂದ ಪ್ಲಾಸ್ಟಿಕ್ ಚೀಲ ಬಿಸಾಡುತ್ತೇವೆ. ಚೀಲದಲ್ಲಿ ಏನಿರುತ್ತದೆ? ದೇವರ ಹೂವು, ಅಗರಬತ್ತಿ, ಹಳೆಯ ಫೋಟೋ. ‘ದೇವರದು, ತುಳಿಯಬಾರದು, ಹೊಳಿಗೆ ಬಿಡಬೇಕು’ ಅಂತಾರೆ. ಮನಸ್ಸು ಒಳ್ಳೆಯದು. ಆದರೆ ಚೀಲ ಕರಗುವುದಿಲ್ಲ. ಕೆಳಗಿನ ಊರಿನ ಬಂಧಾರದ ಬಾಗಿಲಿಗೆ ಹೋಗಿ ಸಿಕ್ಕುತ್ತದೆ. ಹೂವು ಕೊಳೆತು ನೀರು ನಾರುತ್ತದೆ. ಆ ಊರಿನ ಅಕ್ಕ ಅದೇ ನೀರನ್ನು ಕೊಡಕ್ಕೆ ತುಂಬುತ್ತಾಳೆ. ಅವಳೂ ಒಂದು ತಂಬಿಗೆ ದೇವರ ಮುಂದೆ ಇಡುತ್ತಾಳೆ.

ಇದಕ್ಕೆ ಬೇರೆ ದಾರಿ ಇದೆ. ದೇವರಿಗೂ ಸಲ್ಲುತ್ತದೆ, ಹೊಳೆಗೂ ಒಳ್ಳೆಯದು.

ನಿರ್ಮಾಲ್ಯ: ಗುಡಿಯ ಹಿಂದೆ ಒಂದು ಗುಂಡಿ ತೋಡಿರಿ. ಹೂವು, ಪತ್ರಿ, ತೆಂಗಿನ ನಾರು ಅದರಲ್ಲಿ ಹಾಕಿ ಮೇಲೆ ಮಣ್ಣು, ಸಗಣಿ ಮುಚ್ಚಿರಿ. ಕೆಲವು ತಿಂಗಳಲ್ಲಿ ಗೊಬ್ಬರವಾಗುತ್ತದೆ. ಅದನ್ನು ತುಳಸಿಗೆ, ಬಿಲ್ವದ ಗಿಡಕ್ಕೆ ಹಾಕಿರಿ. ದೇವರ ಹೂವು ಮತ್ತೆ ದೇವರ ಹೂವಾಗಿ ಬರುತ್ತದೆ.

ಗಣಪತಿ: ಜೇಡಿಮಣ್ಣಿನ ಗಣಪತಿ ತನ್ನಿರಿ. ನೀರಿನಲ್ಲಿ ಕರಗುತ್ತಾನೆ. ಪ್ಲಾಸ್ಟರಿನ ಗಣಪತಿ ಕರಗುವುದಿಲ್ಲ. ಬೇಸಿಗೆಯಲ್ಲಿ ಹೊಳೆ ಇಳಿದಾಗ ಕೈ ಮುರಿದು, ಸೊಂಡಿಲು ಮುರಿದು ಕೆಸರಿನಲ್ಲಿ ಬಿದ್ದಿರುತ್ತಾನೆ. ಹತ್ತು ದಿನ ಪೂಜೆ ಮಾಡಿದ ದೇವರಿಗೆ ಈ ಗತಿ ಬರಬಾರದು. ಮಣ್ಣಿನ ಗಣಪತಿಯನ್ನು ಮನೆಯ ಬಕೆಟ್ಟಿನಲ್ಲೂ ಬಿಡಬಹುದು. ಆ ನೀರನ್ನು ಗಿಡಕ್ಕೆ ಹಾಕಬಹುದು.

ಬಟ್ಟೆ: ಕೆಲವರು ಸಂಗಮದಲ್ಲಿ ಮಿಂದು, ಉಟ್ಟ ಬಟ್ಟೆಯನ್ನು ಅಲ್ಲೇ ಬಿಟ್ಟು ಬರುತ್ತಾರೆ. ಪಾಪ ಅಲ್ಲೇ ಹೋಯಿತು ಅನ್ನುವ ನಂಬಿಕೆ. ಆದರೆ ಬಟ್ಟೆ ಹೋಗುವುದಿಲ್ಲ. ಅಲ್ಲೇ ಕೊಳೆಯುತ್ತದೆ. ಒಗೆದು ಇಲ್ಲದವರಿಗೆ ಕೊಟ್ಟರೆ ಪುಣ್ಯವೂ ಬರುತ್ತದೆ.

ಅಸ್ಥಿ: ಹಿರಿಯರ ಸಮಾಧಾನಕ್ಕೆ ಒಂದು ಚಿಟಿಕೆ ಹೊಳೆಗೆ ಬಿಡಿರಿ. ಉಳಿದ ಬೂದಿಯನ್ನು ಹೊಲದ ಬದುವಿನಲ್ಲಿ ಹಾಕಿ ಒಂದು ಮಾವಿನ ಗಿಡ ನೆಡಿರಿ. ಮೊಮ್ಮಕ್ಕಳು ಹಣ್ಣು ತಿಂದು ನೆನೆಯುತ್ತಾರೆ.

ಸಂಡಾಸ: ಇದು ಎಲ್ಲಕ್ಕಿಂತ ಮುಖ್ಯ. ಹೊಳೆಯ ದಂಡೆಯಲ್ಲಿ ಬಯಲಿಗೆ ಕೂಡಬೇಡಿರಿ. ರೋಗಾಣು ನೀರಿಗೆ ಇಳಿಯುವ ಹತ್ತಿರದ ದಾರಿ ಅದೇ. ವಾರಿಯ ದಾರಿಯಲ್ಲಿ ಈಗ ತಾತ್ಕಾಲಿಕ ಸಂಡಾಸ ಇಡುತ್ತಾರೆ. ಅವುಗಳನ್ನು ಬಳಸಿರಿ.

ಮಹಾರಾಷ್ಟ್ರ ಸರಕಾರ 2016ರಲ್ಲಿ ‘ನಮಾಮಿ ಚಂದ್ರಭಾಗಾ’ ಅನ್ನುವ ಯೋಜನೆ ಘೋಷಣೆ ಮಾಡಿತು. ಶಹರದ ಗಟಾರ, ಕಾರ್ಖಾನೆಯ ನೀರು ತಡೆಯುವುದು ಸರಕಾರದ ಕೆಲಸ. ಅದನ್ನು ಕೇಳುವ ಹಕ್ಕು ನಮಗಿದೆ. ಆದರೆ ನಮ್ಮ ಚೀಲ ತಡೆಯುವುದು ನಮ್ಮದೇ ಕೆಲಸ. ಹನಿ ಹನಿ ಕೂಡಿದರೆ ಹಳ್ಳ ಅಂತಾರೆ. ಕೊಳೆಯೂ ಹಾಗೇ ಕೂಡುತ್ತದೆ.

ಹೊಳೆಗೆ ಇಳಿಯುವಾಗ ಎಚ್ಚರ

ಹೊಳೆ ತಾಯಿ ಹೌದು. ಆದರೆ ಅವಳ ಸಿಟ್ಟೂ ದೊಡ್ಡದು. 2020ರ ಅಕ್ಟೋಬರಿನಲ್ಲಿ ಭೀಮೆಗೆ ಮಹಾಪೂರ ಬಂತು. ಪಂಢರಪುರ, ಸೊಲ್ಲಾಪುರ, ವಿಜಯಪುರ, ಕಲಬುರಗಿ, ಯಾದಗಿರಿ ಕಡೆಯ ಹೊಳೆದಂಡೆ ಊರುಗಳಿಗೆ ನೀರು ನುಗ್ಗಿತು. ಪಂಢರಪುರದಲ್ಲಿ ಘಾಟಿನ ಗೋಡೆ ಬಿದ್ದು ಜನ ಸತ್ತರು. 2025ರ ಸೆಪ್ಟೆಂಬರಿನಲ್ಲಿ ಸೀನಾ ಹೊಳೆ ಏರಿ ಸೊಲ್ಲಾಪುರ ಜಿಲ್ಲೆಯ ಎಷ್ಟೋ ಹಳ್ಳಿಗಳ ಮನೆ, ಹೊಲ ಮುಳುಗಿದವು.

ಇಲ್ಲಿ ಮಳೆ ಇಲ್ಲದಿದ್ದರೂ ಹೊಳೆ ಏರಬಹುದು. ಯಾಕೆ? ಮಳೆ ಪುಣೆ ಕಡೆ ಬಿದ್ದಿರುತ್ತದೆ. ಉಜನಿ ತುಂಬುತ್ತದೆ. ಬಾಗಿಲು ತೆರೆಯುತ್ತಾರೆ. ನೀರಾ ಹೊಳೆಯ ವೀರ ಆಣೆಕಟ್ಟಿನಿಂದಲೂ ನೀರು ಬರುತ್ತದೆ. ಅದಕ್ಕೇ ಡಂಗುರ ಸಾರಿದರೆ, ಪಂಚಾಯಿತಿಯವರು ಹೇಳಿದರೆ, ಬಿಸಿಲಿದೆ ಅಂತ ಉದಾಸೀನ ಮಾಡಬೇಡಿರಿ. ದನಕರು, ಪಂಪು, ಕಾಗದಪತ್ರ ಮೇಲೆ ಸಾಗಿಸಿರಿ.

ಇನ್ನೊಂದು ಅಪಾಯ ಉಸುಕಿನ ಗುಂಡಿ. ಉಸುಕು ತೆಗೆದ ಕಡೆ ಹೊಳೆಯೊಳಗೆ ಆಳವಾದ ಗುಂಡಿ ಬಿದ್ದಿರುತ್ತವೆ. ಮೇಲಿನಿಂದ ಕಾಣುವುದಿಲ್ಲ. ನಿನ್ನೆ ಮೊಣಕಾಲು ನೀರಿದ್ದ ಜಾಗದಲ್ಲಿ ಇವತ್ತು ಆಳು ಮುಳುಗುವಷ್ಟು ಇರಬಹುದು. ಹಬ್ಬದ ದಿನ ಸ್ನಾನಕ್ಕೆ ಹೋಗಿ ಮಕ್ಕಳು ಮುಳುಗುವುದು ಹೀಗೇ. ಊರಿನ ಅಂಬಿಗರನ್ನು ಕೇಳಿ ಇಳಿಯಿರಿ. ಮಕ್ಕಳ ಕೈ ಬಿಡಬೇಡಿರಿ. ಉಸುಕು ಹೋದರೆ ಬಾವಿಗೂ ಕೇಡು. ಉಸುಕು ಮಳೆಗಾಲದ ನೀರನ್ನು ಹಿಡಿದಿಟ್ಟು ಬೇಸಿಗೆಯಲ್ಲಿ ಬಾವಿಗೆ ಕೊಡುತ್ತದೆ. ಅದು ಇಲ್ಲದಿದ್ದರೆ ದಂಡೆಯ ಬಾವಿಗಳು ಬೇಗ ಬತ್ತುತ್ತವೆ.

ಸೇವೆಯೇ ಪೂಜೆ

ಸೊಲ್ಲಾಪುರದ ಸಿದ್ಧರಾಮೇಶ್ವರರು ಹನ್ನೆರಡನೆಯ ಶತಮಾನದವರು. ಅವರು ಗುಡಿ ಕಟ್ಟಿದರು, ಜೊತೆಗೆ ಕೆರೆಯನ್ನೂ ತೋಡಿಸಿದರು. ಅವರ ಗುಡಿ ಇವತ್ತಿಗೂ ಆ ಕೆರೆಯ ನಡುವೆ ಇದೆ. ಪ್ರತಿ ಸಂಕ್ರಾಂತಿಗೆ ಗಡ್ಡಾ ಜಾತ್ರೆ ನಡೆಯುತ್ತದೆ. ಜನರಿಗೆ ನೀರು ಸಿಗುವಂತೆ ಮಾಡುವುದೇ ಶಿವನ ಪೂಜೆ ಅಂತ ಅವರು ಮಾಡಿ ತೋರಿಸಿದರು. ಮೈ ತೊಳೆದರೆ ಸಾಲದು, ಮನಸ್ಸೂ ತೊಳೆಯಬೇಕು ಅಂತ ಶರಣರು, ದಾಸರು, ಸಂತರು ಎಲ್ಲರೂ ಹೇಳಿದರು.

ಪುಂಡಲೀಕ ಮೊದಲು ತಂದೆ-ತಾಯಿಯ ಸೇವೆ ಮುಗಿಸಿದ. ಹೊಳೆ ನಮ್ಮ ತಾಯಿ ಅಂದರೆ ಅವಳ ಸೇವೆಯೂ ಮೊದಲು ಆಗಬೇಕು. ದಂಡೆ ಕಸ ಗುಡಿಸುವುದು, ಚೀಲ ವಾಪಸು ಮನೆಗೆ ತರುವುದು, ಗುಡಿಯ ಹಿಂದೆ ಗುಂಡಿ ತೋಡುವುದು, ಇವೆಲ್ಲ ಸೇವೆಯೇ. ಅಷ್ಟು ಹೊತ್ತು ದೇವರು ಇಟ್ಟಿಗೆಯ ಮೇಲೆ ನಿಂತಿರುತ್ತಾನೆ.

ಹೊಸ ಪದಗಳು

ಉಗಮ: ಹೊಳೆ ಹುಟ್ಟುವ ಜಾಗ
ಸಂಗಮ, ಕೂಡಲ: ಹೊಳೆಗಳು ಸೇರುವ ಜಾಗ
ಉಪನದಿ: ದೊಡ್ಡ ಹೊಳೆಗೆ ಬಂದು ಸೇರುವ ಹೊಳೆ
ನಿರ್ಮಾಲ್ಯ: ದೇವರಿಗೆ ಏರಿಸಿ ತೆಗೆದ ಹೂವು, ಪತ್ರಿ
ರೋಗಾಣು: ಕಣ್ಣಿಗೆ ಕಾಣದ, ಬೇನೆ ತರುವ ಜೀವಿ
ಮಹಾಪೂರ: ಹೊಳೆ ಉಕ್ಕಿ ಊರಿಗೆ ಬರುವುದು

ಕೂಡಿ ಮಾತಾಡಿರಿ

1. ನಿಮ್ಮ ಊರಿನ ಮೇಲಿರುವ ಊರು ಯಾವುದು? ಕೆಳಗಿರುವ ಊರು ಯಾವುದು? ಎರಡೂ ಹೆಸರು ಬರೆಯಿರಿ.
2. ನಿಮ್ಮ ಮನೆಯ ಗಟಾರದ ನೀರು ಕೊನೆಗೆ ಎಲ್ಲಿಗೆ ಹೋಗುತ್ತದೆ? ನಡೆದು ನೋಡಿ ಬಂದು ಹೇಳಿರಿ.
3. ಪವಿತ್ರ, ಶುದ್ಧ – ಈ ಎರಡು ಪದಗಳಿಗೆ ಇರುವ ವ್ಯತ್ಯಾಸವನ್ನು ನಿಮ್ಮ ಮಾತಿನಲ್ಲಿ ಹೇಳಿರಿ.
4. ನಿಮ್ಮ ಅಜ್ಜಿಯ ಕಾಲದಲ್ಲಿ ಹೊಳೆ ಹೇಗಿತ್ತು? ಊರಿನ ಹಿರಿಯರನ್ನು ಕೇಳಿ ನಾಲ್ಕು ಸಾಲು ಬರೆಯಿರಿ.

ಅರ್ಜಿ ಬರೆಯಲು ಕಲಿಯಿರಿ

ಮಾನ್ಯ ಸರಪಂಚರಿಗೆ,
ಗ್ರಾಮ ಪಂಚಾಯಿತಿ, ........................

ವಿಷಯ: ನಿರ್ಮಾಲ್ಯದ ಗುಂಡಿ ತೋಡಿಸುವ ಬಗ್ಗೆ.

ನಮ್ಮ ಊರಿನ ಗುಡಿಯ ಹೂವು, ಪತ್ರಿಯನ್ನು ಹೊಳೆಗೆ ಹಾಕುತ್ತಿದ್ದೇವೆ. ಇದರಿಂದ ನೀರು ಕೆಡುತ್ತಿದೆ. ಅದಕ್ಕಾಗಿ ಗುಡಿಯ ಹತ್ತಿರ ಒಂದು ಗುಂಡಿ ತೋಡಿಸಿಕೊಡಬೇಕು. ಹೊಳೆಯ ದಂಡೆಯಲ್ಲಿ ಒಂದು ಕಸದ ಡಬ್ಬಿ ಇಡಿಸಬೇಕು. ಮುಂದಿನ ಗ್ರಾಮ ಸಭೆಯಲ್ಲಿ ಈ ವಿಷಯ ತೊಗೋಬೇಕೆಂದು ಕೇಳಿಕೊಳ್ಳುತ್ತೇವೆ.

ದಿನಾಂಕ: ............ ತಮ್ಮ ವಿಶ್ವಾಸಿಗಳು,
ಸಹಿ: ........................

ಖಾಲಿ ಜಾಗ ತುಂಬಿರಿ. ಅರ್ಜಿಯನ್ನು ಮರಾಠಿಯಲ್ಲಿ ಕೊಡಬೇಕಾದರೆ ಶಾಲೆ ಕಲಿಯುವ ಮಕ್ಕಳ ಕೈಲಿ ಬರೆಸಿರಿ. ಸಹಿ ಮಾತ್ರ ನೀವೇ ಮಾಡಿರಿ. ಹೆಬ್ಬೆಟ್ಟು ಒತ್ತಬೇಡಿರಿ. ನಿಮಗೆ ಈಗ ಬರೆಯಲು ಬರುತ್ತದೆ.